ಹಿತ್ತಲ ಬಾಗಿಲಲ್ಲಿ ಗಂಡಸಿನ ಜೋಡು

ಹಾಲೆಂಡಿನ ನಮ್ಮ ಗ್ರೋನಿಂಗೆನ್ ಕಡೆಯ ಹಳ್ಳಿಗಳಲ್ಲಿ ಒಂಟಿ ಹೆಂಗಸರು ಹಿತ್ತಲ ಬಾಗಿಲಲ್ಲಿ ಗಂಡಸಿನ ದೊಡ್ಡ ಮರದ ಜೋಡು ಇಟ್ಟಿರುತ್ತಾರೆ. ಒಳಗೊಬ್ಬ ಗಂಡಸಿದ್ದಾನೆಂದು ಕಳ್ಳ ಹಿಂದಿರುಗಲಿ ಎಂದು. ಗಂಡ ಹಾರ್ಮ್ ತೀರಿಕೊಂಡ ಮೇಲೆ ಫೆನ್ನಾ ಕೂಡ ಹಾಗೇ ಇಟ್ಟಳು. ಕಳ್ಳರೇನೋ ಬರಲಿಲ್ಲ. ಬಂದವನು ಭತ್ಯೆ ಕಚೇರಿಯ ತಪಾಸಣೆಯವನು.

ಫೆನ್ನಾ ಅವನಿಗೆ ಕಾಫಿ ಕೊಟ್ಟಳು, ಜೊತೆಗೊಂದು ಬಿಸ್ಕತ್ತು. ಉಂಡ ಮನೆಯ ಜಂತೆ ಎಣಿಸುವುದೆಂದರೆ ಇದೇ ನೋಡಿ. ಹಿತ್ತಲಿಗೆ ಇಣುಕಿ ಹೋದ ಆ ಪುಣ್ಯಾತ್ಮ, ಈಕೆ ಗಂಡಸೊಬ್ಬನ ಜೊತೆ ಸಂಸಾರ ಮಾಡುತ್ತಿದ್ದಾಳೆ ಎಂದು ಬರೆದ. ವಿಧವಾ ಭತ್ಯೆ ನಿಂತುಹೋಯಿತು. ಬಾಡಿಗೆ ಬಾಕಿ ಬಿತ್ತು; ಈ ತಿಂಗಳೂ ಕಟ್ಟದಿದ್ದರೆ ಮನೆ ಬಿಡಬೇಕು.

"ಗುಟ್ಟಾಗಿ ಗಂಡಸನ್ನ ಸಾಕ್ಕೊಂಡಿದೀಯಂತಲ್ಲೇ," ಎಂದು ಪಕ್ಕದ ಮನೆಯ ಆಫ್ಕೆ ಛೇಡಿಸಿದಳು. "ನಮ್ಮನೆ ಹುಲ್ಲು ಕತ್ತರಿಸೋಕೂ ಕಳ್ಸು."

"ಸಿಕ್ಕಲಿ ಮೊದಲು," ಎಂದಳು ಫೆನ್ನಾ. "ಬಾಡಿಗೆ ಅವನ ಕೈಲೇ ಕಟ್ಟಿಸ್ತೀನಿ."

ಫೆನ್ನಾ ಭತ್ಯೆ ಕಚೇರಿಗೆ ಹೋದಾಗ ಗುಮಾಸ್ತ ಮೆನ್ನೋ ಕಂಪ್ಯೂಟರಿನಿಂದ ಕಣ್ಣು ಕೀಳಲೇ ಇಲ್ಲ.

"ಜೋಡು ಕಳ್ಳರಿಗಂತ ಇಟ್ಟಿದ್ದಪ್ಪಾ. ನಿಮ್ಮಜ್ಜಿನೂ ಇಟ್ಟಿರ್ತಾರೆ, ಕೇಳು," ಎಂದಳು ಫೆನ್ನಾ.

"ಇರಬಹುದು ಮೇಡಂ. ಆದ್ರೆ ಗಂಡಸಿದ್ದಾರೆ ಅಂತ ದಾಖಲಾಗಿದೆ. ಅವರು ಮನೆ ಬಿಟ್ಟು ಹೋದ್ರು ಅಂತ ಹೇಳಿ, ನಾಳೆಯಿಂದಲೇ ಭತ್ಯೆ ಶುರು ಮಾಡ್ತೀನಿ."

"ಇಲ್ಲದೇ ಇರೋನು ಹೋಗೋದು ಹೇಗೋ?"

"ಇರಲೇ ಇಲ್ಲ ಅನ್ನೋಕೆ ಇದರಲ್ಲಿ ಜಾಗ ಇಲ್ಲ ಮೇಡಂ."

ಫೆನ್ನಾಳಿಗೆ ಮೈಯೆಲ್ಲ ಉರಿದುಹೋಯಿತು. ಬದುಕಿನಲ್ಲಿ ಒಬ್ಬನೇ ಗಂಡಸಿನ ಜೊತೆ ಬಾಳಿದವಳು, ಇನ್ನೊಬ್ಬನಿದ್ದ, ಓಡಿಹೋದ ಎಂದು ಸುಳ್ಳು ಹೇಳಬೇಕೇ? ಹೇಳದಿದ್ದರೆ ಬೀದಿಪಾಲು. ಇಂಥ ಕಚೇರಿ ಕಟ್ಟಿದವರ ಮನೆ ಹಾಳಾಗ.

"ಮನೆ ಬಿಟ್ಟು ಹೋದವರ ಹೆಸರು ಹೇಳಿ," ಎಂದ ಮೆನ್ನೋ.

"ಹಾರ್ಮ್ ಡೈಕೆಮಾ," ಎಂದಳು. ಆ ಹೆಸರು ಅವಳ ಕಡತದ ಮೊದಲ ಪುಟದಲ್ಲೇ ಇತ್ತು, ತೀರಿಕೊಂಡ ತಾರೀಖಿನ ಸಮೇತ. ಮೆನ್ನೋ ಅದನ್ನು ತೆರೆದೂ ನೋಡಲಿಲ್ಲ.

"ಈಗ ಎಲ್ಲಿದ್ದಾರೆ?"

"ನಮ್ಮೂರ ಚರ್ಚಿನ ಹಿಂದೆ."

ಅವನು ಟಪಟಪನೆ ಒತ್ತಿದ. "ಅಲ್ಲಿ ಒಬ್ಬರೇ ಇದ್ದಾರಾ, ಇಲ್ಲ ಜೊತೆಗೆ ಯಾರಾದ್ರೂ ಇದ್ದಾರಾ?"

ಫೆನ್ನಾ ಅವನ ಮುಖವನ್ನೇ ನೋಡಿದಳು. ತಮಾಷೆಯಲ್ಲ, ನಿಜವಾಗಿಯೂ ಕೇಳುತ್ತಿದ್ದ.

"ಸದ್ಯಕ್ಕೆ ಒಬ್ಬರೇ ಇದ್ದಾರೆ," ಎಂದಳು. "ಪಕ್ಕದಲ್ಲಿ ನನಗೂ ಜಾಗ ಇಟ್ಟಿದೆ."

"ಹಾಗಿದ್ರೆ ನೀವು ಅಲ್ಲಿಗೆ ಹೋಗೋಕೆ ಮುಂಚೆ ನಮಗೆ ತಿಳಿಸಬೇಕು ಮೇಡಂ," ಎಂದ ಮೆನ್ನೋ. "ಇಬ್ಬರೂ ಒಟ್ಟಿಗಿದ್ರೆ ಭತ್ಯೆ ಬರಲ್ಲ."