ಅತ್ತೆಯ ದನಿ ತೆಗೆದು ಹಾಕಿದರು

ನನ್ನ ಮೂರನೆಯ ಸಿನಿಮಾದಲ್ಲಿ ತಾಯಿಯಾಗಿ ನಟಿಸಿದ್ದು ನನ್ನ ಸೋದರತ್ತೆ. ವಿಜಯಪುರದ ಕಡೆಯಿಂದ ಹೈದರಾಬಾದಿಗೆ ಮದುವೆಯಾಗಿ ಬಂದು, ಕೋಠಿಯ ಬಟ್ಟೆ ಅಂಗಡಿಯಲ್ಲಿ ಗಂಡನ ಸರಿಸಮ ಕೂತು ವ್ಯಾಪಾರ ಮಾಡಿದವಳು. ಬರೆದದ್ದು, ನಿರ್ದೇಶಿಸಿದ್ದು, ಮಗಳ ಪಾತ್ರ ಮಾಡಿದ್ದು ನಾನು. ದಿಲ್‌ಸುಖ್‌ನಗರದ ನಮ್ಮ ಮನೆಯಲ್ಲೇ ಚಿತ್ರೀಕರಣ. ಪಕ್ಕದ ಮನೆಯ ಕುಕ್ಕರ್ ಕೂಗಿದರೆ ಮತ್ತೆ ಮೊದಲಿನಿಂದ.

ಅತ್ತೆ ನಾನು ಬರೆದ ಮಾತುಗಳನ್ನು ಓದುತ್ತಲೇ ಇರಲಿಲ್ಲ. "ನೀ ಬರದದ್ದು ಹಂಗ ಇರ್ಲಿ. ನನಗ ಸಿಟ್ಟ ಬಂದ್ರ ಏನಂತೀನಿ, ಅದನ್ನ ಅಂತೀನಿ" ಎನ್ನುತ್ತಿದ್ದಳು. ಅವಳ ಮಾತೇ ನನ್ನ ಬರಹಕ್ಕಿಂತ ಚೆನ್ನಾಗಿರುತ್ತಿತ್ತು.

ಸಿನಿಮಾ ಬಿಡುಗಡೆ ಮಾಡುತ್ತೇವೆಂದ ಆನ್‌ಲೈನ್ ಕಂಪನಿಯವರು, ತಾವು ಸಿದ್ಧಪಡಿಸಿದ ಪ್ರತಿ ತೋರಿಸಲು ಕೊಂಡಾಪುರದ ಕಚೇರಿಗೆ ಕರೆದರು. ಅತ್ತೆ ಇಳಕಲ್ ಸೀರೆ ಉಟ್ಟು ಬಂದಳು.

ಪರದೆಯ ಮೇಲೆ ಅವಳ ತುಟಿ ಅಲುಗಿತು. ಬಂದದ್ದು ಬೇರೆ ಯಾರದೋ ನಯವಾದ ದನಿ: "ಮಗಳೇ, ಹಾಗೆಲ್ಲ ಮಾತನಾಡಬಾರದು." ಆ ದೃಶ್ಯದಲ್ಲಿ ಅವಳು ಅಂದಿದ್ದು, "ಬಾಯಿ ಮುಚ್ಕೊಂಡ ಕುಂಡ್ರು, ನಾ ಇನ್ನೂ ಸತ್ತಿಲ್ಲ!" ಆಮೇಲೆ ನಾನು ಬಾಯಿ ತೆರೆದೆ. ನನ್ನದೂ ಬೇರೆಯವರ ದನಿ.

ನಿಲ್ಲಿಸಿ ಎಂದು ಕೂಗಿದೆ. ಬೆಂಗಳೂರಿನಿಂದ ಬಂದಿದ್ದ ಅಧಿಕಾರಿ ಸಮಾಧಾನದಿಂದ ಹೇಳಿದ: "ಮೇಡಂ, ಆ ಭಾಷೆ ಕೇಳಿದ್ರೆ ಜನ ಕಾಮಿಡಿ ಅನ್ಕೋತಾರೆ. ಸ್ವಲ್ಪ ಕ್ಲೀನ್ ಮಾಡಿದೀವಿ ಅಷ್ಟೇ."

ನಾನು ಮಾತಾಡುವ ಮೊದಲೇ ಅತ್ತೆ ಕೇಳಿದಳು: "ತಮ್ಮಾ, ನನ್ನ ಮಾತಿನಾಗ ಏನ್ ಹೊಲಸ ಇತ್ತು?"

ಅವನು ಫೋನು ನೋಡಿಕೊಂಡ.

ಒಪ್ಪಂದಕ್ಕೆ ಕೊನೆಯ ಸಹಿ ಬಾಕಿಯಿತ್ತು, ಹಾಕದೆ ಎದ್ದು ಬಂದೆ. ಆಟೊದಲ್ಲಿ ಅತ್ತೆ, "ನನ್ನ ಸಲುವಾಗಿ ಯಾಕ ಕೆಡಿಸ್ಕೊಂಡಿ?" ಎಂದಾಗ ಅವಳ ಮೇಲೇ ರೇಗಿದೆ. ನಿಜವಾದ ಸಿಟ್ಟು ನನ್ನ ಮೇಲಿತ್ತು. ಮೊದಲ ಸಿನಿಮಾದಲ್ಲಿ, ಬೆಂಗಳೂರಿನವರು ಒಪ್ಪಲೆಂದು, ಯಾರೂ ಹೇಳದೆಯೇ ನಾನು ಪುಸ್ತಕದ ಕನ್ನಡ ಆಡಿದ್ದೆ. ನನ್ನ ನಾಲಿಗೆಯನ್ನು ಮೊದಲು ತೊಳೆದವಳು ನಾನೇ.

ಅತ್ತೆಯ ಅಂಗಡಿಯ ಮೇಲಿನ ಸಭಾಂಗಣದಲ್ಲಿ ಪ್ಲಾಸ್ಟಿಕ್ ಕುರ್ಚಿ ಹಾಕಿ ಮೂಲ ಪ್ರತಿ ತೋರಿಸಿದೆವು. ಅತ್ತೆ ಬೈದಾಗಲೆಲ್ಲ ನೋಡಲು ಬಂದಿದ್ದ ನಮ್ಮ ಕಡೆಯ ಹೆಂಗಸರು ಚಪ್ಪಾಳೆ ತಟ್ಟಿದರು. ಬೇರೆಲ್ಲೂ ಅದು ಬಿಡುಗಡೆಯಾಗಲಿಲ್ಲ. ಕಳೆದ ತಿಂಗಳು ಅದೇ ಅಧಿಕಾರಿ ಹೊಸ ಕಥೆ ಇದೆಯಾ ಎಂದು ಸಂದೇಶ ಕಳಿಸಿದ್ದ. ಓದಿ, ಅಳಿಸಿ ಹಾಕಿದೆ.