ಕುಡಿಯುವಾಗ ನೋಡಿ, ಡಾಕ್ಟ್ರೇ

ಮಿಕ್ಸಿ ಅಮ್ಮನ ಅಂಗಡಿ ಎಂದರೆ ಮೂರಂತಸ್ತಿನ ಕಟ್ಟಡದ ಮೆಟ್ಟಿಲ ಕೆಳಗಿನ ಸಂದು. ಎದ್ದು ನಿಂತರೆ ತಲೆ ತಾಗುತ್ತದೆ, ಹಾಗಾಗಿ ಇಪ್ಪತ್ತೆರಡು ವರ್ಷದಿಂದ ಆಕೆ ಕೂತೇ ಕೆಲಸ ಮಾಡಿದ್ದಾಳೆ. ಗಂಡ ಕಲಿಸಿದ ಕಸುಬು. ಗಂಡ ಹೋದ ಮೇಲೆ "ಹೆಂಗಸು ಮೋಟಾರು ಬಿಚ್ಚುತ್ತಾಳಂತೆ" ಎಂದು ಕಿಸಕ್ಕೆಂದವರೇ ಈಗ ಕೆಟ್ಟ ಮಿಕ್ಸಿಯನ್ನು ಕಂಕುಳಲ್ಲಿ ಇಟ್ಟುಕೊಂಡು ಸಾಲಲ್ಲಿ ನಿಲ್ಲುತ್ತಾರೆ. ಬರುವವರಿಗೆ ಆಕೆಯದು ಒಂದೇ ಕಟ್ಟಳೆ: ಮಿಕ್ಸಿಯ ಜೊತೆ ಒಂದು ಹಿಡಿ ನೆನೆಸಿದ ಕಾಳು ತರಬೇಕು.

"ಖಾಲಿ ಜಾರ್ ಓಡಿಸಿದ್ರೆ ಎಲ್ಲಾ ಮಿಕ್ಸೀನೂ ಸಾಧುವೇ. ಹೊಟ್ಟೆಗೆ ಕಾಳು ಬಿದ್ದಾಗ ತಾನೇ ಅದರ ಬಣ್ಣ ಬಯಲಾಗೋದು?" ಎನ್ನುತ್ತಾಳೆ. ಒಮ್ಮೆ ವಕೀಲರೊಬ್ಬರು ಇದರ ಮೇಲೆ ಅರ್ಧ ಗಂಟೆ ವಾದ ಮಾಡಿದರು. ಮಾರನೆಯ ದಿನ ಡಬ್ಬಿಯಲ್ಲಿ ಕಾಳು ಹಿಡಿದುಕೊಂಡು ತೆಪ್ಪಗೆ ಬಂದರು.

ಇಂಥ ಮೊಂಡಿಯೂ ತನ್ನ ಮನೆಯಲ್ಲಿ ಒಂದು ತಪ್ಪು ಮಾಡಿದಳು. ಅದನ್ನು ಬಿಟ್ಟು ಆಕೆಯ ಕಥೆ ಹೇಳಿದರೆ ಮೊದಲು ಜಗಳಕ್ಕೆ ಬರುವವಳು ಆಕೆಯೇ.

ಸೊಸೆ ಹೆಣ್ಣು ಮಗು ಹೆತ್ತಿದ್ದಳು. ಅಂಗೈಯಗಲದ ಕೂಸು, ಮನೆಯವರೆಲ್ಲ ಗುಬ್ಬಿ ಎಂದು ಕರೆದರು. ಐದು ವಾರ ತುಂಬುವ ಹೊತ್ತಿಗೆ, ಹಾಲು ಕುಡಿಯುವಾಗ ಗುಬ್ಬಿಯ ಎದೆಯಿಂದ ಸೊಂಯ್ ಸೊಂಯ್ ಎಂದು ಸದ್ದು ಬರತೊಡಗಿತು. ಸ್ವಲ್ಪ ಕುಡಿಯುವುದು, ಬಾಯಿ ಬಿಡುವುದು, ಏದುಸಿರು ಬಿಡುವುದು, ಹಾಗೇ ನಿದ್ದೆ ಹೋಗುವುದು. ಮಿಕ್ಸಿ ಅಮ್ಮನ ಅಕ್ಕ ಬಂದು ನೋಡಿ ಅಲ್ಲೇ ತೀರ್ಪು ಕೊಟ್ಟುಬಿಟ್ಟಳು. ಅವಳು ಐದು ಹೆತ್ತವಳು. ಆ ಐದನ್ನು ಪದವಿಯ ಹಾಗೆ ಹೆಸರಿನ ಹಿಂದೆ ಹಾಕಿಕೊಂಡು ಓಡಾಡುವವಳು.

"ಇವಳ ಹಾಲೇ ಸರಿ ಇಲ್ಲ. ಭಾರದ ಹಾಲು, ಮಗೂಗೆ ಕಫ ಕಟ್ತಿದೆ. ಬಿಡಿಸಿ ಬಾಟಲಿ ಹಿಡಿಸಿ," ಎಂದಳು.

ಮಿಕ್ಸಿ ಅಮ್ಮ ಆಗ ಸುಮ್ಮನಿದ್ದರೂ ಸಾಕಿತ್ತು. ಇರಲಿಲ್ಲ. "ಐದು ಹೆತ್ತೋಳು ಸುಮ್ನೆ ಹೇಳ್ತಾಳೇನೇ? ನಿನ್ನ ಹಾಲಲ್ಲೇ ಏನೋ ಇರ್ಬೇಕು," ಎಂದು ಮನೆಯವರೆಲ್ಲರ ಎದುರಿಗೇ ಅಕ್ಕನ ಮಾತಿಗೆ ಒಗ್ಗರಣೆ ಹಾಕಿದಳು. ಸೊಸೆ ಅಂದಿನಿಂದ ಗೋಡೆ ಕಡೆ ತಿರುಗಿಕೊಂಡು ಹಾಲು ಕುಡಿಸತೊಡಗಿದಳು. ಕಳ್ಳತನ ಮಾಡುವವಳ ಹಾಗೆ ಮಗುವಿಗೆ ಹಾಲು ಕೊಡುವುದನ್ನು ನೋಡಿ ಯಾರ ಕರುಳು ಚುರಕ್ಕೆನ್ನಬೇಕಿತ್ತೋ ಅವರು ಬೆಳಗಾದರೆ ಅಂಗಡಿಗೆ ಹೋಗುತ್ತಿದ್ದರು.

ಒಂದು ಬೆಳಿಗ್ಗೆ ಕರೆಂಟು ಹೋಯಿತು. ಕರೆಂಟಿಲ್ಲದೆ ಮಿಕ್ಸಿ ಅಮ್ಮನಿಗೆ ಕೆಲಸವಿಲ್ಲ. ಕೊರೆಯುವ ಚಳಿ ಬೇರೆ. ಶಾಲು ಹೊದ್ದು ಮನೆಯಲ್ಲೇ ಕೂತಳು, ಕೂತವಳು ಮೊದಲ ಸಲ ಗುಬ್ಬಿ ಹಾಲು ಕುಡಿಯುವುದನ್ನು ಶುರುವಿನಿಂದ ಕೊನೆಯವರೆಗೆ ನೋಡಿದಳು. ಹತ್ತು ಗುಟುಕು, ನಿಲುಗಡೆ. ಆರು ಗುಟುಕು, ನಿಲುಗಡೆ. ಮೂಗಿನ ಹೊಳ್ಳೆ ಅರಳುತ್ತಿತ್ತು, ಪಕ್ಕೆಲುಬಿನ ಕೆಳಗೆ ಗುಳಿ ಬೀಳುತ್ತಿತ್ತು. ಹಣೆ ಮುಟ್ಟಿದಳು. ತನಗೆ ಶಾಲು ಸಾಲದ ಚಳಿಯಲ್ಲಿ ಕೂಸಿನ ಹಣೆ ಬೆವತು ಒದ್ದೆಯಾಗಿತ್ತು. ಮಿಕ್ಸಿ ಅಮ್ಮ ಸೊಸೆ ಕಡೆ ತಿರುಗಿದಳು.

"ಮೂರು ಸಲ ಡಾಕ್ಟ್ರ ಹತ್ರ ಹೋಗಿದ್ಯಲ್ಲ, ಈ ಬೆವರು ನೋಡಿ ಏನಂದ್ರು?"

"ಅವರು ನೋಡೇ ಇಲ್ಲ ಅತ್ತೆ. ಅಲ್ಲಿ ಹೋದಾಗ ಇವಳು ಮಲಗಿರ್ತಾಳೆ. ಮಗು ಅತ್ರೆ ಡಾಕ್ಟ್ರಿಗೆ ಸಿಟ್ಟು ಬರುತ್ತೆ, ಕುಡಿಸಿ ಮಲಗಿಸ್ಕೊಂಡೇ ಒಳಗೆ ಬನ್ನಿ ಅಂತಾನೆ ಆ ಕಾಂಪೌಂಡರ್. ಡಾಕ್ಟ್ರು ಬಟ್ಟೆ ಮೇಲೇ ಎದೆ ಕೇಳೋ ಕೊಳವೆ ಇಟ್ಟು, ಕಫ ಅಂತ ಬರೆದು ಕಳಿಸ್ತಾರೆ."

ಮಿಕ್ಸಿ ಅಮ್ಮ ಹಣೆ ಚಚ್ಚಿಕೊಂಡಳು. ಮೂರು ಸಲವೂ ಖಾಲಿ ಜಾರ್ ಓಡಿಸಿ ನೋಡಿದ್ದಾರೆ!

"ಏಳು. ಮುಂದಿನ ಹಾಲು ಡಾಕ್ಟ್ರ ಎದುರಿಗೇ."

ದವಾಖಾನೆಯ ಬೆಂಚಿನ ಮೇಲೆ ಇಪ್ಪತ್ತು ಮೂವತ್ತು ಜನ. ಅವರ ಸರದಿ ಬರುವಷ್ಟರಲ್ಲಿ ಗುಬ್ಬಿ ಹಸಿದು ಕುಯ್ಯೋ ಎನ್ನತೊಡಗಿತು. ಕಾಂಪೌಂಡರ್ ಓಡಿ ಬಂದ. "ಅಮ್ಮಾ, ಮೊದಲು ಹಾಲು ಕೊಡ್ಸಿ."

"ಕೊಡ್ಸೋಕೇ ಬಂದಿರೋದು. ಒಳಗೆ."

"ಒಳಗೆ ಹಾಗೆಲ್ಲ ಇಲ್ಲ."

"ಇವತ್ತಿಂದ ಇದೆ."

ಬೆಂಚಿನ ಮೇಲಿದ್ದ ಹೆಂಗಸೊಬ್ಬಳು, "ಹಸಿದ ಕೂಸನ್ನ ಅಳಿಸ್ತಾಳಲ್ಲ, ಇವಳೆಂಥಾ ಅಜ್ಜಿ!" ಎಂದಳು. ಮಾತು ನೇರ ಎದೆಗೇ ನಾಟಿತು. ಹಾಲಿನ ಹೊತ್ತನ್ನು ಐದು ನಿಮಿಷ ತಳ್ಳಿದರೂ ತಾನು ಪಾಪಿಯೇ ಎಂದು ಆಕೆಗೂ ಅನ್ನಿಸುತ್ತಿತ್ತು. ಆದರೂ ಜಗ್ಗಲಿಲ್ಲ. ಸೊಸೆಯ ಕೈ ಹಿಡಿದು ಸರದಿ ಬಂದ ಕೂಡಲೇ ಒಳಗೆ ನುಗ್ಗಿ, ಅವಳನ್ನು ಸ್ಟೂಲಿನ ಮೇಲೆ ಕೂರಿಸಿ, ಬಾಗಿಲ ಕಡೆಗೆ ತನ್ನ ಶಾಲನ್ನೇ ಪರದೆ ಮಾಡಿ ಹಿಡಿದು ನಿಂತಳು.

ಡಾಕ್ಟರು ತಲೆ ಎತ್ತಿದರು. "ಇದೇನಿದು? ಹೊರಗೆ ಕುಡಿಸ್ಕೊಂಡು ಬನ್ನಿ, ಆಮೇಲೆ ನೋಡ್ತೀನಿ."

"ಹೊರಗೆ ಕುಡಿದ್ರೆ ಹೊರಗಿರೋರಿಗೆ ಕಾಣುತ್ತೆ. ಇವಳಿಗೆ ಕಷ್ಟ ಆಗೋದೇ ಕುಡಿಯುವಾಗ. ಕುಡಿಯುವಾಗ ನೋಡಿ, ಡಾಕ್ಟ್ರೇ."

"ನನಗೆ ಪಾಠ ಹೇಳ್ತೀರಾ? ಹೊರಗೆ ಎಷ್ಟು ಜನ ಕಾಯ್ತಿದ್ದಾರೆ ಗೊತ್ತಾ?"

"ನನ್ನ ಅಂಗಡೀಲೂ ಕಾಯ್ತಿದ್ದಾರೆ, ಬಾಗಿಲೇ ತೆಗೀದೆ ಬಂದಿದ್ದೀನಿ. ಹತ್ತು ನಿಮಿಷ ನೋಡಿ. ಏನೂ ಇಲ್ಲ ಅನ್ನಿ, ನಿಮ್ಮ ಕಾಲಿಗೆ ಬಿದ್ದು ಹೋಗ್ತೀನಿ. ನೋಡದೆ ಕಳಿಸೋ ಹಾಗಿದ್ರೆ ಪೊಲೀಸರನ್ನೇ ಕರೆಸಿ. ಅವರು ಬರೋಷ್ಟರಲ್ಲಿ ಇವಳು ಕುಡಿದು ಮುಗಿಸಿರ್ತಾಳೆ, ಅಷ್ಟು ಹೊತ್ತೂ ನೀವು ಇಲ್ಲೇ ಇರ್ತೀರಲ್ಲ."

ಡಾಕ್ಟರ ಮುಖ ಕೆಂಪಾಯಿತು. ಬಾಯಿ ತೆರೆದರು. ಅಷ್ಟರಲ್ಲಿ ಗುಬ್ಬಿ ಕುಡಿಯತೊಡಗಿತ್ತು. ಎಂಟು ಗುಟುಕಿಗೆ ಬಾಯಿ ಬಿಟ್ಟು ಸೊಂಯ್ ಎಂದಿತು. ಡಾಕ್ಟರು ಪೆನ್ನು ಕೆಳಗಿಟ್ಟರು. ಕುರ್ಚಿ ಎಳೆದುಕೊಂಡು ಹತ್ತಿರ ಬಂದರು. ಹಣೆಯ ಬೆವರು ನೋಡಿದರು, ಅಂಗಿ ಬಿಚ್ಚಿಸಿದರು, ಗಡಿಯಾರ ನೋಡುತ್ತ ಒಂದು ನಿಮಿಷ ಪೂರ್ತಿ ಉಸಿರು ಎಣಿಸಿದರು. ಕೊಳವೆಯನ್ನು ಬರಿ ಎದೆಯ ಮೇಲಿಟ್ಟು ಕಣ್ಣು ಮುಚ್ಚಿ ತುಂಬ ಹೊತ್ತು ಕೇಳಿದರು. ಮಿಕ್ಸಿ ಅಮ್ಮ ಜೀವ ಕೈಯಲ್ಲಿ ಹಿಡಿದು ನಿಂತಿದ್ದಳು. ತಾನು ಸೋತು ಈ ಮನುಷ್ಯನ ಕಾಲಿಗೆ ಬೀಳುವಂತಾಗಲಿ ಎಂದು ಆ ಕ್ಷಣ ನಿಜವಾಗಿಯೂ ಬೇಡಿಕೊಂಡಳು.

"ಇದು ಕಫ ಅಲ್ಲ," ಎಂದರು ಡಾಕ್ಟರು. "ಹೃದಯದಲ್ಲಿ ಬೇರೆ ಸದ್ದಿದೆ. ಇವತ್ತೇ ದೊಡ್ಡಾಸ್ಪತ್ರೆಗೆ ಹೋಗಿ, ಕಾಗದ ಕೊಡ್ತೀನಿ." ಬರೆಯುತ್ತ ಬರೆಯುತ್ತ ತಗ್ಗಿದ ದನಿಯಲ್ಲಿ, "ಮೊದಲ ಸಲವೇ ಬಟ್ಟೆ ಬಿಚ್ಚಿಸಿ ನೋಡ್ಬೇಕಿತ್ತಮ್ಮ," ಎಂದರು. ಮಿಕ್ಸಿ ಅಮ್ಮನಿಗೆ ಬೈಯಲು ಬೇಕಾದಷ್ಟಿತ್ತು. ಕಾಗದ ಕಿತ್ತುಕೊಂಡು ಓಡುವುದೇ ಮುಖ್ಯವಾಯಿತು.

ದೊಡ್ಡಾಸ್ಪತ್ರೆಯಲ್ಲಿ ಪರೀಕ್ಷೆ ಮಾಡಿದ ಡಾಕ್ಟರಮ್ಮ ಬಿಡಿಸಿ ಹೇಳಿದರು. ಹೃದಯದ ಎರಡು ಕೋಣೆಗಳ ನಡುವಿನ ಗೋಡೆಯಲ್ಲಿ ಒಂದು ತೂತು. ಅದರಿಂದ ಶ್ವಾಸಕೋಶಕ್ಕೆ ಬೇಡದಷ್ಟು ರಕ್ತ ನುಗ್ಗುತ್ತಿದೆ. ನಮಗೆ ಮೂಟೆ ಹೊತ್ತು ಮೆಟ್ಟಿಲು ಹತ್ತಿದಷ್ಟು ಶ್ರಮ ಈ ಕೂಸಿಗೆ ಹಾಲು ಕುಡಿಯುವುದರಲ್ಲಿ. ಸದ್ಯಕ್ಕೆ ಔಷಧಿ, ಸ್ವಲ್ಪ ಸ್ವಲ್ಪವೇ ಹಾಲು, ತೂಕ ಕೂಡಿದ ಮೇಲೆ ಆಪರೇಷನ್.

ಸೊಸೆ ಒಂದೇ ಮಾತು ಕೇಳಿದಳು. "ನನ್ನ ಹಾಲಿಂದ ಆಯ್ತಾ?"

"ಯಾರಮ್ಮ ಹಾಗಂದೋರು? ಇದು ಹುಟ್ಟುವಾಗಲೇ ಇದ್ದಿದ್ದು. ನಿಮ್ಮ ಹಾಲು ಕುಡಿದೇ ಅವಳು ಇಷ್ಟು ದಿನ ತಡ್ಕೊಂಡಿದ್ದಾಳೆ."

ಯಾರು ಎಂದು ಸೊಸೆ ಹೇಳಲಿಲ್ಲ. ಮಿಕ್ಸಿ ಅಮ್ಮ ನೆಲ ನೋಡಿದಳು.

ಆಮೇಲಿನದು ನಾಲ್ಕು ತಿಂಗಳ ಯುದ್ಧ. ಎರಡು ಗಂಟೆಗೊಮ್ಮೆ ಹಾಲು, ಹೊತ್ತು ಹೊತ್ತಿಗೆ ಹನಿ ಔಷಧಿ, ವಾರಕ್ಕೊಮ್ಮೆ ತಕ್ಕಡಿ. ಇನ್ನೂರು ಗ್ರಾಂ ಏರಿದರೆ ಮನೆಯೆಲ್ಲ ಸಂಭ್ರಮ, ಒಂದು ಶೀತಕ್ಕೆ ಅಷ್ಟೂ ಮಾಯ. ಅಕ್ಕ ಫೋನಿನಲ್ಲಿ ಬಾಟಲಿ ಪುರಾಣ ಬಿಡಲಿಲ್ಲ. "ನಿಮ್ಮ ಡಾಕ್ಟ್ರಿಗೇನು ಗೊತ್ತು, ಅವಳ ಹಾಲೇ..." ಎಂದು ಶುರುಮಾಡುವಷ್ಟರಲ್ಲಿ ಮಿಕ್ಸಿ ಅಮ್ಮ, "ಗಿರಾಕಿ ಬಂದ್ರು" ಎಂದು ಫೋನು ಇಡುತ್ತಿದ್ದಳು. ಡಾಕ್ಟರ ಎದುರು ಸಿಂಹವಾದವಳು ಅಕ್ಕನ ಎದುರು ಇನ್ನೂ ತಂಗಿಯೇ.

ಆಪರೇಷನ್ ಆಯಿತು. ಆರನೆಯ ದಿನ ವಾರ್ಡಿನಲ್ಲಿ ಸೊಸೆ ಗುಬ್ಬಿಯನ್ನು ಮಡಿಲಿಗೆ ಹಾಕಿಕೊಂಡಳು. ಗೋಡೆ ಕಡೆ ತಿರುಗುವ ಅಭ್ಯಾಸ ಅವಳಿಗೆ ಇನ್ನೂ ಹೋಗಿರಲಿಲ್ಲ. ಗುಬ್ಬಿ ಕುಡಿಯಿತು. ಹತ್ತು ಗುಟುಕು ದಾಟಿತು, ಇಪ್ಪತ್ತು ದಾಟಿತು. ಮಿಕ್ಸಿ ಅಮ್ಮ ಎಣಿಸುವುದನ್ನು ಬಿಟ್ಟು ಕಿವಿಗೊಟ್ಟಳು. ಗುಟುಕಿನ ಸದ್ದು ಬಿಟ್ಟರೆ ಬೇರೆ ಸದ್ದೇ ಇಲ್ಲ. ಆಕೆಗೆ ಅಳು ಉಕ್ಕಿ ಬಂತು, ತಡೆಯಲಿಲ್ಲ. ಸೊಸೆಯ ಕಿವಿಯ ಹತ್ತಿರ ಬಾಗಿದಳು.

"ನಿನ್ನ ಹಾಲಲ್ಲಿ ಏನೂ ಇರ್ಲಿಲ್ಲ ಕಣೇ. ಅಕ್ಕನ ಜೊತೆ ಸೇರಿ ನಾನೂ ಅಂದೆ. ತಪ್ಪಾಯ್ತು."

ಸೊಸೆ ತಲೆ ಎತ್ತಲಿಲ್ಲ. "ಅಂದಿದ್ದು ಎಲ್ಲರ ಮುಂದೆ ಅತ್ತೆ. ತಪ್ಪಾಯ್ತು ಅನ್ನೋದು ಮಾತ್ರ ಕಿವೀಲಿ ಯಾಕೆ?"

ಮಿಕ್ಸಿ ಅಮ್ಮ ಬೆಪ್ಪಾದಳು. ಬಾಯಿ ಸತ್ತ ಹುಡುಗಿ ಎಂದುಕೊಂಡಿದ್ದವಳು ಹೀಗೆ ಎದುರು ಆಡಿದ್ದು ಇದೇ ಮೊದಲು. ಸಿಟ್ಟು ಬರಬೇಕಿತ್ತು, ಹೆಮ್ಮೆ ಬಂತು. ಸೆರಗಿನಲ್ಲಿ ಮೂಗು ಒರೆಸಿಕೊಂಡು ಫೋನು ತೆಗೆದು ಅಕ್ಕನ ನಂಬರು ಒತ್ತಿದಳು. ಸ್ಪೀಕರ್ ಹಾಕಿದಳು. ವಾರ್ಡಿನ ಹನ್ನೆರಡು ಹಾಸಿಗೆಗಳ ತಾಯಂದಿರೂ ಇತ್ತ ತಿರುಗಿದರು.

"ಅಕ್ಕಾ, ಕೇಳು. ನಮ್ಮ ಸೊಸೆ ಹಾಲಲ್ಲಿ ಯಾವ ದೋಷಾನೂ ಇರ್ಲಿಲ್ಲ. ದೋಷ ಇದ್ದಿದ್ದು ನಿನ್ನ ನಾಲಿಗೇಲಿ, ನನ್ನ ನಾಲಿಗೇಲಿ."

ಆ ಕಡೆಯಿಂದ ಅಕ್ಕ, "ಯಾಕೆ ಹಾಗೆ ಕಿರುಚ್ತೀಯ? ಪಕ್ಕದಲ್ಲಿ ಯಾರಾದ್ರೂ ಇದ್ದಾರಾ?"

"ವಾರ್ಡ್ ಪೂರ್ತಿ ಇದೆ. ಹಿಂದಿನ ಹಾಸಿಗೆಯೋರಿಗೆ ಸರಿಯಾಗಿ ಕೇಳಿಸ್ಲಿಲ್ವಂತೆ, ತಾಳು, ಇನ್ನೊಂದ್ಸಲ ಹೇಳ್ತೀನಿ."

ಸೊಸೆ ಗೋಡೆ ಬಿಟ್ಟು ಈ ಕಡೆ ತಿರುಗಿ ಕೂತಳು.