ಹೊಸ್ತಿಲಲ್ಲಿ ಊದಿದ ರಾಗ

ಆ ರಾಗ ತಾನಾಗಿ ಬರಲಿಲ್ಲ. ನಾನೇ ಊದಿದೆ. ಬೇಕೆಂದೇ ಊದಿದೆ. ಆಮೇಲೆ ಅದು ತಾನಾಗಿ ಬಂತು ಎಂದು ಬೀದಿ ತುಂಬ ನೆರೆದಿದ್ದ ಜನರ ಮುಂದೆ ಸುಳ್ಳು ಹೇಳಿದೆ. ಆ ಸುಳ್ಳಿನಿಂದ ಒಬ್ಬ ಹೆಣ್ಣುಮಗಳ ಬಾಳು ಹಾಳಾಯಿತು. ಈಗ ಹೇಳಿ ಏನು ಪ್ರಯೋಜನ ಎಂದು ನೀವು ಕೇಳಬಹುದು. ಏನೂ ಇಲ್ಲ. ಆಕೆ ತೀರಿಹೋಗಿದ್ದಾಳೆ. ಆದರೂ ಹೇಳುತ್ತೇನೆ — ನನ್ನ ಬಾಯಿಂದ ಒಂದು ಸಲವಾದರೂ ಇದು ಪೂರ್ತಿ ಹೊರಗೆ ಬರಲಿ.

ನನ್ನ ಹೆಸರು ಹಾಲೇಶ. ಹೊನ್ನಾಳಿಯಲ್ಲಿ ಖಾದರ್ ಸಾಹೇಬರು ಎಂಬುವರ ಬ್ಯಾಂಡ್ ಸೆಟ್ ಇತ್ತು. ಅದರಲ್ಲಿ ನಾನು ಕ್ಲಾರಿನೆಟ್ ಊದುತ್ತಿದ್ದೆ. ಎಪ್ಪತ್ತರ ದಶಕದ ಮಾತು. ಮದುವೆಯ ಕಾಲ ಬಂತೆಂದರೆ ನಮಗೆ ನಿದ್ದೆ ಇಲ್ಲ, ಊಟಕ್ಕೆ ಹೊತ್ತಿಲ್ಲ. ಇವತ್ತು ಚನ್ನಗಿರಿ, ನಾಳೆ ನಲ್ಲೂರು, ನಾಡಿದ್ದು ಜಗಳೂರು. ನನಗೆ ಮೀಸೆ ದಪ್ಪವಾಗುವ ವಯಸ್ಸು, ಸೊಕ್ಕೂ ಅಷ್ಟೇ ದಪ್ಪ. ಯಾವ ಹಾಡನ್ನಾದರೂ ಒಂದು ಸಲ ಕೇಳಿದರೆ ಸಾಕು, ಮರುದಿನ ಮೆರವಣಿಗೆಯಲ್ಲಿ ಊದುತ್ತಿದ್ದೆ. ಹುಡುಗರು ಹಿಂದೆ ಬೀಳುತ್ತಿದ್ದರು. ಅದು ತಲೆಗೇರಿತ್ತು.

ಆ ಕಾಲದಲ್ಲಿ ನಮ್ಮ ಕಡೆಯ ಟೆಂಟ್ ಸಿನಿಮಾಗಳಲ್ಲಿ ಒಂದು ಮಾಯಾ-ಮಂತ್ರದ ಚಿತ್ರ ಬಂದಿತ್ತು. ಒಂದಲ್ಲ, ಒಂದರ ಹಿಂದೆ ಒಂದು ಬಂದ ಮೂರು ಭಾಗಗಳು. ಅದರ ಹೆಸರು ಇಲ್ಲಿ ಬೇಡ, ಆ ಚಿತ್ರ ಮಾಡಿದವರದು ಇದರಲ್ಲಿ ಏನೂ ತಪ್ಪಿಲ್ಲ. ಒಬ್ಬಳು ರಕ್ಕಸಿ ಸುಂದರ ಹೆಣ್ಣಿನ ವೇಷದಲ್ಲಿ ರಾಜನ ಅರಮನೆಗೆ ಸೊಸೆಯಾಗಿ ಬರುವ ಕಥೆ. ಅದರ ಸಂಗೀತದಲ್ಲಿ ಒಂದು ಚಮತ್ಕಾರವಿತ್ತು, ನನ್ನಂಥವನು ಹುಚ್ಚನಾಗುವಂಥದ್ದು. ಒಬ್ಬೊಬ್ಬ ಪಾತ್ರಕ್ಕೂ ಒಂದೊಂದು ರಾಗ. ರಾಜಕುಮಾರ ಬರುವಾಗ ಕಹಳೆ. ರಾಣಿಯಮ್ಮ ಮಗನನ್ನು ನೆನೆದಾಗಲೆಲ್ಲ ಪಿಟೀಲು. ರಕ್ಕಸಿಗೆ ಕ್ಲಾರಿನೆಟ್ — ತೀರಾ ಕೆಳಗಿನ ಸ್ವರದಿಂದ ಎದ್ದು, ನಿಧಾನ ಮೇಲೇರಿ, ಇನ್ನೇನು ನಿಂತಿತು ಅನ್ನುವಾಗ ಜಾರಿ ಬೀಳುವ ಪುಟ್ಟ ಸಾಲು. ಎರಡನೆಯ ಭಾಗದಲ್ಲಿ ಆ ರಕ್ಕಸಿ ಹಾಲು ಮಾರುವವಳಾಗಿ ಬರುತ್ತಾಳೆ, ಮುದುಕಿಯಾಗಿ ಬರುತ್ತಾಳೆ. ಮುಖ ಬೇರೆ, ರಾಗ ಅದೇ. ಪರದೆಯ ಮೇಲಿನ ರಾಜನಿಗೆ ಗೊತ್ತಾಗುವುದಿಲ್ಲ, ನೆಲದ ಮೇಲೆ ಕೂತ ನಮಗೆ ಗೊತ್ತಾಗುತ್ತದೆ. ಕ್ಲಾರಿನೆಟ್ ಶುರುವಾದದ್ದೇ ತಡ, ಹೆಂಗಸರು "ಅಯ್ಯೋ, ಬಂದ್ಲು ನೋಡ್ರೇ ರಕ್ಕಸಿ!" ಎಂದು ಮಕ್ಕಳನ್ನು ಮಡಿಲಿಗೆ ಎಳೆದುಕೊಳ್ಳುತ್ತಿದ್ದರು. ಚಿತ್ರದಲ್ಲಿ ಎಲ್ಲರೂ ಸುಳ್ಳು ಹೇಳುತ್ತಿದ್ದರು, ಆ ರಾಗ ಮಾತ್ರ ಒಮ್ಮೆಯೂ ಸುಳ್ಳು ಹೇಳುತ್ತಿರಲಿಲ್ಲ. ಜನ ಅದನ್ನು ಅಷ್ಟು ನಂಬಿದ್ದರು. ಇದು ನಿಮಗೆ ಸರಿಯಾಗಿ ಅರ್ಥವಾಗಬೇಕು, ಇಲ್ಲದಿದ್ದರೆ ನಾನು ಮಾಡಿದ್ದು ಏನೆಂದು ಗೊತ್ತಾಗುವುದಿಲ್ಲ.

ಎರಡನೆಯ ಭಾಗ ಊರೂರು ಸುತ್ತುತ್ತಿದ್ದ ಬೇಸಿಗೆಯಲ್ಲೇ ನ್ಯಾಮತಿಯ ಕಿರಾಣಿ ಅಂಗಡಿಯವರ ಮನೆಗೆ ಸೊಸೆ ಬಂದಳು. ಹುಡುಗಿ ಜಗಳೂರು ಕಡೆಯ ಸೊಕ್ಕೆಯವಳು, ಹೆಸರು ಕೊಟ್ರಮ್ಮ. ಗಂಡ ರುದ್ರೇಶ. ಮದುವೆ ಸೊಕ್ಕೆಯಲ್ಲಿ ಮುಗಿದಿತ್ತು. ಹೆಣ್ಣನ್ನು ಮನೆ ತುಂಬಿಸಿಕೊಳ್ಳುವ ದಿನ ಗಂಡಿನವರು ನಮ್ಮ ಬ್ಯಾಂಡ್ ಹೇಳಿದ್ದರು.

ನಮ್ಮದೊಂದು ಪದ್ಧತಿ ಇತ್ತು. ಬೀದಿಯುದ್ದಕ್ಕೂ ಬಾರಿಸಿಕೊಂಡು ಬಂದು, ಮನೆ ಬಾಗಿಲಲ್ಲಿ ಆರತಿ ಎತ್ತುವಾಗ ಎಲ್ಲ ನಿಲ್ಲಿಸಬೇಕು. ಹೊಸ್ತಿಲ ಮೇಲೆ ಅಕ್ಕಿ ತುಂಬಿದ ಸೇರು ಇಟ್ಟಿರುತ್ತಾರೆ. ಮದುಮಗಳು ಬಲಗಾಲಿನಿಂದ ಅದನ್ನು ಒದ್ದು ಒಳಗೆ ಬರುತ್ತಾಳೆ. ಅಕ್ಕಿ ಚೆಲ್ಲಿದ ಕೂಡಲೇ ಮಂಗಳದ ರಾಗ ಎತ್ತಬೇಕು, ಅದರ ಮೊದಲ ಸ್ವರ ಯಾವತ್ತೂ ಕ್ಲಾರಿನೆಟ್ಟಿನದು. ಉಳಿದವರು ನನ್ನ ಹಿಂದೆ ಬರುತ್ತಾರೆ. ಅಂದರೆ ಆ ಒಂದು ಕ್ಷಣ ಇಡೀ ಬೀದಿಯಲ್ಲಿ ನನ್ನ ಸದ್ದು ಬಿಟ್ಟರೆ ಬೇರೆ ಸದ್ದಿಲ್ಲ.

ಗಂಡಿನ ಗೆಳೆಯರು ದಾರಿಯುದ್ದಕ್ಕೂ "ಹಾಲೇಶಣ್ಣ, ಆ ರಕ್ಕಸೀದು ಒಂದು ಆಗ್ಲಿ" ಎಂದು ಕಾಡಿದ್ದರು. ಖಾದರ್ ಸಾಹೇಬರು ಕಣ್ಣು ಬಿಟ್ಟು ಅವರನ್ನು ಗದರಿದ್ದರು. ಕೊಟ್ರಮ್ಮ ತಲೆ ತಗ್ಗಿಸಿ ನಿಂತಿದ್ದಳು, ಹಸಿರು ಸೀರೆ, ಕೈತುಂಬ ಬಳೆ. ಭಯಕ್ಕೋ ನಾಚಿಕೆಗೋ ಕಾಲು ಎತ್ತಲು ಸ್ವಲ್ಪ ತಡಮಾಡಿದಳು. "ಒದೆಯವ್ವಾ, ಹೆದರಬ್ಯಾಡ" ಎಂದರು ಯಾರೋ. ಒದ್ದಳು. ಅಕ್ಕಿ ಚೆಲ್ಲಿತು. ನಾನು ಆ ರಕ್ಕಸಿಯ ರಾಗವನ್ನೇ ಊದಿದೆ.

ಯಾಕೆ ಎಂದು ನನ್ನನ್ನು ನಾನೇ ಕೇಳಿಕೊಂಡಿದ್ದೇನೆ. ಆಕೆಯ ಮೇಲೆ ನನಗೆ ದ್ವೇಷವಿತ್ತೇ? ಆಕೆಯನ್ನು ಅದಕ್ಕೆ ಮೊದಲು ನಾನು ಕಂಡೇ ಇರಲಿಲ್ಲ. ಆಕೆಗೆ ಕೇಡು ಮಾಡು ಎಂದು ಯಾರಾದರೂ ಹೇಳಿಕೊಟ್ಟಿದ್ದರೇ? ಇಲ್ಲ. ನಗಿಸಬೇಕು ಅನ್ನಿಸಿತು, ಅಷ್ಟೇ. ಥೂ! ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ ಅನ್ನುತ್ತಾರಲ್ಲ — ಅದೇ ಆಯಿತು.

ಬೀದಿ ಗೊಳ್ಳೆಂದು ನಕ್ಕಿತು. ಹುಡುಗರು ಶಿಳ್ಳೆ ಹೊಡೆದರು. ಕೊಟ್ರಮ್ಮನೂ ಆ ಚಿತ್ರ ನೋಡಿದ್ದಳೆಂದು ಕಾಣುತ್ತದೆ, ಕಾಲನ್ನು ಹಿಂದಕ್ಕೆ ತೆಗೆದುಕೊಂಡುಬಿಟ್ಟಳು. ಒಂದು ಕಾಲು ಒಳಗೆ ಹೋಗಿ ಮತ್ತೆ ಹೊರಗೆ ಬಂತು. ಹಾಗೆ ಬರಬಾರದು. ಆಕೆಯ ಅತ್ತೆ ಆರತಿ ತಟ್ಟೆಯನ್ನು ಹಿಂದಕ್ಕೆ ಎಳೆದುಕೊಂಡರು. ಗಂಡಿನ ದೊಡ್ಡಪ್ಪ, ಆ ಮನೆಯ ಯಜಮಾನ, ಜನರನ್ನು ತಳ್ಳಿಕೊಂಡು ಬಂದು ನನ್ನ ಅಂಗಿಯ ಕೊರಳಪಟ್ಟಿ ಹಿಡಿದ.

"ಯಾವನಲೇ ಅದನ್ನ ಊದಿದ್ದು? ನಮ್ಮ ಮನೆ ಬಾಗ್ಲಾಗೆ ಏನಂತ ತಿಳ್ಕಂಡೀಯ?"

ಕೈ ಎತ್ತಿಬಿಟ್ಟಿದ್ದ. ಅಷ್ಟು ದೊಡ್ಡ ಕೈ. ತಪ್ಪಾಯಿತು, ತಮಾಷೆಗೆ ಊದಿದೆ ಎಂದಿದ್ದರೆ ಎರಡು ಏಟು ಬೀಳುತ್ತಿದ್ದವು. ನಾಲ್ಕು ಬೀಳುತ್ತಿದ್ದವು ಎಂದೇ ಇಟ್ಟುಕೊಳ್ಳಿ, ಯಾರೂ ಸಾಯುತ್ತಿರಲಿಲ್ಲ. ನಾನು ಹೇಳಿದ್ದು ಬೇರೆ.

"ನಾನು ಮಂಗಳದ್ದೇ ಊದಾಕೆ ಹೋದೆ ಯಜಮಾನ್ರೇ. ದೇವರಾಣೆ. ಆಯಮ್ಮ ಕಾಲಿಡುತ್ಲೇ ಅದು ಬಂತು. ತಾನಾಗೇ ಬಂತು ರೀ."

ನಗೆ ನಿಂತುಹೋಯಿತು. ಎತ್ತಿದ ಕೈ ಇಳಿಯಿತು. ನಾನು ಬಚಾವಾದೆ. ಎಲ್ಲರ ಕಣ್ಣೂ ನನ್ನನ್ನು ಬಿಟ್ಟು ಆಕೆಯ ಕಡೆಗೆ ತಿರುಗಿದವು.

ವಾಪಸು ಬರುವಾಗ ಬಸ್ಸಿನಲ್ಲಿ ಖಾದರ್ ಸಾಹೇಬರು ನನ್ನ ಪಕ್ಕ ಬಂದು ಕೂತರು. "ಬೆರಳು ತಾವಾಗೇ ಓಡಾಡ್ತಾವೇನೋ ಹಾಲೇಶ? ನಿನಗೆ ಕಲಿಸಿದ್ದು ನಾನು ಕಣಪ್ಪಾ. ನಾಳೆನೇ ಹೋಗಿ ನಿಜ ಹೇಳಿ ಬಾ. ಹೆಣ್ಣುಮಗಳ ವಿಷಯ ಐತೆ ಇದು" ಎಂದರು. ಹೋಗುತ್ತೇನೆ ಎಂದೆ. ನಾಳೆ ಚನ್ನಗಿರಿಯಲ್ಲಿ ಮದುವೆ ಇತ್ತು. ಅದರ ಮರುದಿನ ಇನ್ನೊಂದು. ಸಾಹೇಬರು ಇನ್ನೆರಡು ಸಲ ಕೇಳಿದರು, ಆಮೇಲೆ ಕೇಳುವುದನ್ನು ಬಿಟ್ಟರು, ನನ್ನ ಜೊತೆ ಮಾತಾಡುವುದನ್ನೂ ಕಡಿಮೆ ಮಾಡಿದರು.

ಆ ಮಳೆಗಾಲದಲ್ಲಿ ಕೊಟ್ರಮ್ಮನ ಮಾವ ಜ್ವರ ಬಂದು ತೀರಿಕೊಂಡರು. ವಯಸ್ಸಾಗಿತ್ತು, ಮೊದಲೇ ಉಬ್ಬಸವಿತ್ತು. ಆದರೆ ಊರಿಗೆ ಉಬ್ಬಸ ಬೇಕಿರಲಿಲ್ಲ. ಮುಂದೆ ಆಕೆಗೆ ನಿಂತ ಬಸಿರು ಇಳಿದುಹೋಯಿತು. "ವಾದ್ಯ ಆವತ್ತೇ ಹೇಳ್ತು" ಎಂದರಂತೆ ಅತ್ತೆ. ಇವೆಲ್ಲ ನನ್ನ ಕಿವಿಗೆ ಬೀಳುತ್ತಲೇ ಇದ್ದವು. ಒಂದು ದಿನ ನಾನೇ ಕಣ್ಣಾರೆ ನೋಡಿದೆ. ನ್ಯಾಮತಿಯಲ್ಲಿ ಇನ್ನೊಂದು ಮದುವೆಗೆ ಹೋಗಿದ್ದೆವು. ಕೊಟ್ರಮ್ಮ ಬಾವಿಯಿಂದ ಕೊಡ ಹೊತ್ತು ಬರುತ್ತಿದ್ದಳು. ಕಟ್ಟೆಯ ಮೇಲೆ ಕೂತ ಹುಡುಗರು ಶಿಳ್ಳೆಯಲ್ಲಿ ಆ ರಾಗ ಹಾಕಿದರು. ಆಕೆ ತಿರುಗಿ ನೋಡಲಿಲ್ಲ, ಬೈಯಲಿಲ್ಲ, ನಡಿಗೆಯನ್ನು ಜೋರು ಮಾಡಲೂ ಇಲ್ಲ. ದಿನವೂ ಕೇಳಿ ಅಭ್ಯಾಸವಾದವರ ಹಾಗೆ ನಡೆದು ಹೋದಳು. ಶ್ರುತಿ ಒಂಚೂರೂ ತಪ್ಪಿರಲಿಲ್ಲ ಆ ಹುಡುಗರದು. ನಾನು ಊದಿದ ಹಾಗೇ ಇತ್ತು.

ನನಗೆ ಏನಾಯಿತು ಗೊತ್ತೇ? ನನಗೆ ಹೆಸರು ಬಂತು. "ಹಾಲೇಶನ ವಾದ್ಯ ಮನುಷ್ಯರ ಒಳಗನ್ನ ಹೇಳ್ತೈತೆ" ಎಂಬ ಮಾತು ಕೆರೆಬಿಳಚಿಯವರೆಗೆ ಹೋಯಿತು. ಮದುಮಗಳು ಸೇರು ಒದೆಯುವಾಗ ಜನ ಆಕೆಯನ್ನು ಬಿಟ್ಟು ನನ್ನ ಮುಖ ನೋಡತೊಡಗಿದರು. ನಾನು ಮಂಗಳದ ರಾಗ ಎತ್ತಿದ ಮೇಲೆ ಉಸಿರು ಬಿಡುತ್ತಿದ್ದರು. ಆ ನೋಟ ನನಗೆ ಇಷ್ಟವಾಗುತ್ತಿತ್ತು — ಇದನ್ನೂ ಮುಚ್ಚಿಡುವುದಿಲ್ಲ. ಅಂಥವನು ಹೋಗಿ ನಿಜ ಹೇಳುತ್ತಾನೆಯೇ?

ಮೂರನೆಯ ಭಾಗ ನ್ಯಾಮತಿಯ ಟೆಂಟಿಗೆ ಬಂದಾಗ ನಾನೂ ಹೋಗಿದ್ದೆ. ಅದರ ಕೊನೆಯಲ್ಲಿ ರಕ್ಕಸಿ ಸಾಯುತ್ತಾಳೆ, ಆಗ ಅವಳು ರಕ್ಕಸಿಯೇ ಅಲ್ಲ ಎಂದು ತಿಳಿಯುತ್ತದೆ. ಶಾಪಕ್ಕೆ ಸಿಕ್ಕಿದ ಒಂದು ಹುಡುಗಿ. ಅದೇ ರಾಗ ಬಂತು. ಆದರೆ ಈ ಸಲ ಕ್ಲಾರಿನೆಟ್ ಅಲ್ಲ, ಕೊಳಲು. ಸ್ವರ ಒಂದೂ ಬದಲಾಗಿರಲಿಲ್ಲ, ನಿಧಾನ ಮಾಡಿದ್ದರು, ಅಷ್ಟಕ್ಕೇ ಅದು ಜೋಗುಳವಾಗಿತ್ತು. ಮೊದಲಿಂದಲೂ ಅದು ಜೋಗುಳವೇ ಆಗಿತ್ತು, ನಮಗೇ ಕೇಳಿಸಿರಲಿಲ್ಲ. ಕೊಟ್ರಮ್ಮನ ಬೀದಿಯ ಹೆಂಗಸರು ನನ್ನ ಮುಂದೆಯೇ ಕೂತಿದ್ದರು. ಸೆರಗು ಬಾಯಿಗೆ ಒತ್ತಿಕೊಂಡು ಅತ್ತರು. "ಪಾಪ, ಆ ಹುಡುಗೀದು ಏನೂ ತಪ್ಪಿರ್ಲಿಲ್ಲ ಕಣ್ರೇ" ಎಂದು ಅತ್ತರು. ಕೊಟ್ರಮ್ಮನನ್ನು ಗಂಡನ ಮನೆಯವರು ತವರಾದ ಸೊಕ್ಕೆಗೆ ಕಳಿಸಿಬಿಟ್ಟು ಆಗಿನ್ನೂ ತಿಂಗಳು ತುಂಬಿರಲಿಲ್ಲ.

ಎಂಬತ್ತರ ದಶಕ ಅರ್ಧ ಕಳೆದ ಮೇಲೆ ಖಾದರ್ ಸಾಹೇಬರು ಹಾಸಿಗೆ ಹಿಡಿದರು. ನೋಡಲು ಹೋದೆ. ನನ್ನನ್ನು ಕಂಡು ಗೋಡೆ ಕಡೆಗೆ ತಿರುಗಿಕೊಂಡರು. ಅವರು ತೀರಿದ ಮೇಲೆ ನಾನು ಸೊಕ್ಕೆಗೆ ಹೋದೆ.

ಕೊಟ್ರಮ್ಮ ಅಣ್ಣನ ಮನೆಯಲ್ಲಿದ್ದಳು. ಅಂಗಳದಲ್ಲಿ ಕೂತು ಶೇಂಗಾ ಸುಲಿಯುತ್ತಿದ್ದಳು. ಕೊರಳಲ್ಲಿ ತಾಳಿ ಇತ್ತು. ನಾನು ಯಾರೆಂದು ಹೇಳಿದೆ. ನಿಂತುಕೊಂಡೇ ಎಲ್ಲ ಹೇಳಿದೆ — ತಮಾಷೆಗೆ ಊದಿದ್ದು, ಏಟಿಗೆ ಹೆದರಿ ಸುಳ್ಳಾಡಿದ್ದು. ಕಾಲಿಗೆ ಬೀಳಲು ಬಗ್ಗಿದೆ. ಆಕೆ ಕಾಲು ಎಳೆದುಕೊಂಡಳು.

"ನನ್ನ ಮುಂದೆ ಯಾಕೆ ಹೇಳ್ತೀರಿ? ನಾನು ರಕ್ಕಸಿ ಅಲ್ಲ ಅಂತ ನನಗೆ ಗೊತ್ತಿಲ್ವಾ? ನ್ಯಾಮತಿಗೆ ಹೋಗಿ ಹೇಳ್ರಿ. ನಮ್ಮ ಮನೆಯವ್ರ ಮುಂದೆ ಹೇಳ್ರಿ" ಎಂದಳು. ಆಮೇಲೆ ದನಿ ಇಳಿಸಿ, "ಅವ್ರು ಕೆಟ್ಟೋರಲ್ಲ. ಗೊತ್ತಾದ್ರೆ ಬರ್ತಾರೆ" ಎಂದಳು.

ನಮ್ಮ ಮನೆಯವ್ರು. ಅಷ್ಟೆಲ್ಲ ಆದ ಮೇಲೂ.

ಮರುದಿನವೇ ನ್ಯಾಮತಿಗೆ ಹೋದೆ. ಈ ಸಲ ಹೇಳಿಯೇ ತೀರುತ್ತೇನೆ ಎಂದೇ ಹೋದೆ. ರುದ್ರೇಶ ಅಂಗಡಿಯಲ್ಲಿದ್ದ. ಮತ್ತೊಂದು ಮದುವೆಯಾಗಿದ್ದ, ಪುಟ್ಟ ಮಗಳು ಗಲ್ಲಾಪೆಟ್ಟಿಗೆಯ ಮೇಲೆ ಕೂತು ಬೆಲ್ಲ ಚೀಪುತ್ತಿದ್ದಳು. ನನ್ನನ್ನು ಕಂಡದ್ದೇ ಎದ್ದು ನಿಂತ.

"ಓಹೋ, ಬರ್ರಿ ಬರ್ರಿ ಹಾಲೇಶಣ್ಣ! ಕೂತ್ಕಳ್ರಿ. ಲೇ, ಒಂದು ಚಾ ತರಾಕೆ ಹೇಳು" ಎಂದು ಆಳಿಗೆ ಕೂಗಿ, ನನ್ನ ಎರಡೂ ಕೈ ಹಿಡಿದುಕೊಂಡ. "ಆವತ್ತು ನಿಮ್ಮ ವಾದ್ಯ ಹೇಳದಿದ್ರೆ ನಮ್ಮ ಮನೆತನ ಏನಾಗ್ತಿತ್ತೋ. ನಿಮ್ಮಿಂದ ಬಚಾವಾದ್ವಿ ಕಣ್ರೀ. ನಮ್ಮವ್ವ ಸಾಯೋ ತನಕ ನಿಮ್ಮ ಹೆಸರು ಹೇಳ್ತಿದ್ಲು."

ಬಾಯಿ ತೆರೆದೆ. ಚಾ ಬಂತು. ಕುಡಿದೆ. ಆ ಮಗುವಿನ ಕೆನ್ನೆ ಮುಟ್ಟಿ, ಚೆನ್ನಾಗಿರವ್ವ ಎಂದು ಹರಸಿ ಎದ್ದು ಬಂದೆ.

ಇಲ್ಲಿಗೇ ಮುಗಿದಿದ್ದರೆ ನಾನು ಹೇಡಿ, ಅಷ್ಟೇ ಆಗುತ್ತಿದ್ದೆ. ಆದರೆ ನಾನು ಮತ್ತೆ ಸೊಕ್ಕೆಗೆ ಹೋದೆ. ಆಕೆ ಕಾಯುತ್ತಿರುತ್ತಾಳೆ, ಕಾಯಿಸಬಾರದು ಎಂದುಕೊಂಡೇ ಹೋದೆ. ನನ್ನನ್ನು ದೂರದಿಂದ ಕಂಡೇ ಕೊಟ್ರಮ್ಮ ಎದ್ದು ಬಾಗಿಲಿಗೆ ಬಂದಳು. ಅವತ್ತು ತಲೆ ಬಾಚಿಕೊಂಡಿದ್ದಳು.

"ಹೇಳಿದ್ರಾ?"

"ಹೇಳಿದೆ" ಎಂದೆ.

ಹೇಗೆ ಬಂತು ಆ ಮಾತು? ತಾನಾಗಿ ಬರಲಿಲ್ಲ. ಅದನ್ನೂ ನಾನೇ ಆಡಿದೆ.

"ಅವ್ರು... ಏನಂದ್ರು?"

"ಏನೂ ಅನ್ನಲಿಲ್ಲ ತಾಯಿ."

ಆಕೆ ಬಾಗಿಲ ಚೌಕಟ್ಟು ಹಿಡಿದುಕೊಂಡಳು. ಆಮೇಲೆ, ನನಗಲ್ಲ, ತನಗೇ ಹೇಳಿಕೊಂಡಳು: "ಇಷ್ಟು ವರ್ಷ... ಗೊತ್ತಿಲ್ಲದ್ದಕ್ಕೆ ಕರೆಯಾಕೆ ಬಂದಿಲ್ಲ ಅಂದ್ಕಂಡಿದ್ದೆ."

ಇಲ್ಲ, ನಾನು ಹೇಳಲೇ ಇಲ್ಲ, ಅವರಿಗೆ ಇನ್ನೂ ಗೊತ್ತಿಲ್ಲ — ಇಷ್ಟು ಅನ್ನಬೇಕಿತ್ತು. ಆಕೆ ನನ್ನ ಎದುರಿಗೇ ಇದ್ದಳು. ನನಗೆ ಬಾಯಿ ಇತ್ತು. ಜಗಳೂರಿನ ಬಸ್ಸಿಗೆ ಹೊತ್ತಾಯಿತು ಎಂದು ಹೇಳಿ ಹೊರಟು ಬಂದೆ.